ಹಿನ್ನೀರಿಗೆ ಬೆನ್ನು ಹಾಕಿದ ತೆಂಗುಗಳು

ಪೂಹೋಯ್ ಎಂದು ಕೂಗಿದ ಮೇಲೆ ಉತ್ತರಕ್ಕೆ ಕಾಯಬಾರದು. ಚೇನ್ನಂಚಿರದಲ್ಲಿ ಹುಟ್ಟಿದ ಯಾರನ್ನು ಕೇಳಿದರೂ ಹೇಳುತ್ತಾರೆ: ಒಡ್ಡಿನ ಮೇಲಿನ ಕರಿಕಲ್ಲು ಬಂದಾಗ ಚಪ್ಪಲಿ ಕೈಗೆ ತೆಗೆದುಕೊ, ಒಂದು ಸಲ ಕೂಗು, ತಿರುಗಿ ನೋಡದೆ ದಾಟಿಬಿಡು.

ವಿಲಾಸಿನಿ ಕೂಗಿದಳು. ಕೂಗಿ, ಆ ಕರಿಕಲ್ಲಿನ ಪಕ್ಕದಲ್ಲೇ ಕಿವಿಗೊಟ್ಟು ನಿಂತುಬಿಟ್ಟಳು.

“ನಡೀರಮ್ಮಾ, ನಡೀರಿ,” ಎಂದ ಹಿಂದಿದ್ದ ಕಾನ್‌ಸ್ಟೆಬಲ್ ಉತ್ತಮನ್. ಅವನ ದನಿ ಆಗಲೇ ಅರ್ಧಕ್ಕಿಳಿದಿತ್ತು. “ಇಲ್ಲಿ ನಿಲ್ಲಬಾರದು. ಕೆಳಗಿರೋನು ಓಗೊಟ್ಟುಬಿಟ್ರೆ ಏನ್ಮಾಡ್ತೀರಿ?”

“ಯಾರಾದ್ರೂ ಓಗೊಡ್ಲಿ ಅಂತಲೇ ಕಾಯ್ತಿದೀನಿ.”

ಎಡಕ್ಕೆ ಹಿನ್ನೀರು, ಬಲಕ್ಕೆ ಮುಳುಗಿದ ಗದ್ದೆ, ನಡುವೆ ಒಬ್ಬರ ಹಿಂದೊಬ್ಬರು ನಡೆಯುವಷ್ಟೇ ಅಗಲದ ಮಣ್ಣಿನ ಒಡ್ಡು. ಎರಡೂ ಕಡೆ ನೀರು ಅಲುಗದೆ ಬಿದ್ದಿತ್ತು. ತುಲಾ ಮಾಸದ ಇಳಿಹೊತ್ತು. ಹಕ್ಕಿಯೊಂದರ ಸದ್ದೂ ಇರಲಿಲ್ಲ.

ಆ ಕಲ್ಲಿನ ಕಥೆ ಎಲ್ಲರಿಗೂ ಗೊತ್ತು, ಯಾರೂ ಗಟ್ಟಿಯಾಗಿ ಹೇಳುವುದಿಲ್ಲ. ಎಂದೋ ಒಂದು ವರ್ಷ ಒಡ್ಡು ಒಡೆದು, ಸುರಿದ ಮಣ್ಣೆಲ್ಲ ಕೊಚ್ಚಿ ಹೋಗುತ್ತಿದ್ದಾಗ, ಜಮೀನ್ದಾರನ ಅಪ್ಪಣೆಯಂತೆ ಒಬ್ಬ ಆಳನ್ನು ಒಡಕಿನಲ್ಲಿ ನಿಲ್ಲಿಸಿ ಅವನ ಮೇಲೆ ಮಣ್ಣು ಮುಚ್ಚಿದರಂತೆ. ಒಡ್ಡು ನಿಂತಿತು. ಗುರುತಿಗೆ ಅಲ್ಲಿ ಆ ಕರಿಕಲ್ಲು ನೆಟ್ಟರು. ಅಂದಿನಿಂದ ಇಲ್ಲಿಯವರು ಮನುಷ್ಯ ಮಲಗಿರುವ ಮಣ್ಣಿನ ಮೇಲೆ, ಅದು ಎಲ್ಲೇ ಇರಲಿ, ಚಪ್ಪಲಿ ಮೆಟ್ಟಿ ನಡೆಯುವುದಿಲ್ಲ. ಚರ್ಚಿನ ಪಾದ್ರಿಯೂ ಅಷ್ಟೇ, ಕೆಂಬಾವುಟದ ಕಾರ್ಯದರ್ಶಿಯೂ ಅಷ್ಟೇ. ನಂಬ್ತೀರಾ ಎಂದು ಕೇಳಿದರೆ ನಗುತ್ತಾರೆ. ಕಾಲು ಮಾತ್ರ ತಾನಾಗಿ ಚಪ್ಪಲಿ ಬಿಡುತ್ತದೆ.

ಮುಂದೆ ನಡೆಯುತ್ತಿದ್ದ ಇನ್‌ಸ್ಪೆಕ್ಟರ್ ತಂಕಮಣಿ ಹಿಂದಿರುಗಿ ಬಂದು ವಿಲಾಸಿನಿಯ ಕೈ ಹಿಡಿದಳು. ತಂಕಮಣಿಯ ಇನ್ನೊಂದು ಕೈಯಲ್ಲೂ ಚಪ್ಪಲಿಗಳಿದ್ದವು. ಅವಳು ಹುಟ್ಟಿದ್ದು ಇದೇ ನೀರಿನ ಆಚೆ ದಡದಲ್ಲಿ. ಇಪ್ಪತ್ತು ವರ್ಷದ ಪೊಲೀಸು ನೌಕರಿಯೂ ಅವಳ ಕಾಲಿಗೆ ಆ ಅಭ್ಯಾಸ ಬಿಡಿಸಿರಲಿಲ್ಲ.

“ಚೇಚಿ,” ಎಂದಳು ವಿಲಾಸಿನಿ. ಅಕ್ಕ ಎಂದು ಕರೆಯತೊಡಗಿ ಆಗಲೇ ಬಹಳ ದಿನವಾಗಿತ್ತು. “ಅವರ ಅಮ್ಮ ತಾಳಿ ತೆಗಿ ಅಂತಾರೆ. ನಮ್ಮಮ್ಮ ತೆಗೀಬೇಡ ಅಂತಾರೆ. ನನಗೆ ಬೇರೇನೂ ಬೇಡ. ಒಂದೇ ಮಾತು ಹೇಳಿ. ನಾನು ಕಾಯ್ಬೇಕಾ, ಅಳ್ಬೇಕಾ?”

ತಂಕಮಣಿ ಅವಳ ಕೈ ಬಿಡಲಿಲ್ಲ. “ಇವತ್ತು ಹೇಳ್ತೀನಿ. ಕತ್ತಲಾಗೋದ್ರೊಳಗೆ ಹೇಳ್ತೀನಿ.”

ಆಡಿದ ಮಾತನ್ನು ಹೇಗೆ ಉಳಿಸಿಕೊಳ್ಳುವುದೋ ಅವಳಿಗೇ ಗೊತ್ತಿರಲಿಲ್ಲ.

ವಿಲಾಸಿನಿಯ ಗಂಡ ಸಹದೇವನ್ ಕೃಷಿ ಅಧಿಕಾರಿ. ಓಣಂ ಮುಗಿದ ಮರುವಾರ, ಈಪ್ಪಚ್ಚನ್ ಎಂಬ ದೊಡ್ಡ ಕುಳ ಮಣ್ಣು ತುಂಬಿದ ಗದ್ದೆಯನ್ನು ಪರಿಶೀಲಿಸಲು ಹೀಗೇ ಒಂದು ಮಧ್ಯಾಹ್ನ ಒಡ್ಡಿನ ಮೇಲೆ ನಡೆದು ಹೋದವನು ಮತ್ತೆ ಯಾರ ಕಣ್ಣಿಗೂ ಬೀಳಲಿಲ್ಲ. ಸಿಕ್ಕಿದ್ದು ನೀರಲ್ಲಿ ತೇಲುತ್ತಿದ್ದ ಅವನ ಕೊಡೆ ಒಂದೇ. ಈಪ್ಪಚ್ಚನೇ ಅವನನ್ನು ಕೊಂದು ಆ ಮಣ್ಣಿನಡಿ ಹೂತಿದ್ದಾನೆ ಎಂಬುದು ತಂಕಮಣಿಯ ಸಂಶಯ.

ಮೇಲಧಿಕಾರಿ ಬೆಳಿಗ್ಗೆ ಫೋನಿನಲ್ಲಿ ಖಡಾಖಂಡಿತವಾಗಿ ಹೇಳಿದ್ದರು. “ಅಷ್ಟು ದೊಡ್ಡ ಜಾಗ ಸುಮ್ನೆ ಅಗಿಯೋಕೆ ಅಪ್ಪಣೆ ಕೊಡೋರು ಯಾರೂ ಇಲ್ಲ ತಂಕಮಣಿ. ಇಂಥಾ ಕಡೆ ಅಂತ ಬೆರಳಿಟ್ಟು ತೋರ್ಸು, ಅಗಿಸ್ತೀನಿ. ನಾಳೆ ಆರ್‌ಡಿಓ ಮುಂದೆ, ಕಂದಾಯ ಕಚೇರೀಲಿ, ಅದು ಗದ್ದೆಯೋ ಅಲ್ವೋ ಅಂತ ವಿಚಾರಣೆ. ಈಪ್ಪಚ್ಚನ್ ಕಡೆ ತೀರ್ಪಾದ್ರೆ ನಾಡಿದ್ದು ಅಲ್ಲಿ ಕಾಂಕ್ರೀಟು. ಆಮೇಲೆ ನೀನು ಹುಡುಕೋ ಹೆಣದ ಮೇಲೆ ಅವನ ಹೋಟ್ಲು ನಿಂತಿರುತ್ತೆ.”

ಬೆರಳಿಟ್ಟು ತೋರಿಸುವುದು ಎಲ್ಲಿಂದ? ಯೋಚಿಸಿ ಯೋಚಿಸಿ ತಲೆ ಕೆಟ್ಟು ಹೋದಾಗ ತಂಕಮಣಿಗೆ ಹೊಳೆದದ್ದು ಈ ಚಪ್ಪಲಿಯ ವಿಷಯ. ಸಹದೇವನನ್ನು ಹೂತವನು ಇಲ್ಲಿಯವನೇ ಆಗಿದ್ದರೆ, ಆ ಜಾಗದ ಮೇಲೆ ಚಪ್ಪಲಿ ಮೆಟ್ಟಿ ಅವನಿಂದ ನಡೆಯಲಾಗದು. ಬಾಯಿ ಎಷ್ಟು ಸುಳ್ಳು ಬೇಕಾದರೂ ಹೇಳಲಿ, ಕಾಲನ್ನು ನೋಡಿದರೆ ಸಾಕು. ಇದನ್ನು ಮೇಲಧಿಕಾರಿಗೆ ಹೇಳಿದ್ದರೆ ಅವರು ರಜೆ ಹಾಕಿ ಮನೆಗೆ ಹೋಗು ಎನ್ನುತ್ತಿದ್ದರು. ಆದ್ದರಿಂದ ಅವಳು ಯಾರಿಗೂ ಹೇಳಲಿಲ್ಲ. ಸ್ಥಳ ಮಹಜರು ಎಂಬ ನೆಪ ಮಾಡಿ ಈಪ್ಪಚ್ಚನನ್ನು ಕರೆಸಿದ್ದಳು. ಸಾಕ್ಷಿಗೆಂದು ಭಾಸುರನನ್ನೂ ಕರೆಸಿದ್ದಳು.

ಭಾಸುರನ್ ಈ ಗದ್ದೆಗಳ ರೈತ ಸಂಘದ ಕಾರ್ಯದರ್ಶಿ. ಸಹದೇವನ್ ಕಾಣೆಯಾದ ದಿನದಿಂದ ಹೋರಾಟ ಸಮಿತಿ ಕಟ್ಟಿಕೊಂಡು ತಾಲ್ಲೂಕು ಕಚೇರಿಯ ಮುಂದೆ ಗಂಟಲು ಹರಿದುಕೊಂಡವನು. ವಿಲಾಸಿನಿಯ ಮನೆಗೆ ಅಕ್ಕಿ ಮೀನು ತಂದುಕೊಟ್ಟವನು. ಈಪ್ಪಚ್ಚನ ಹೆಸರೆತ್ತಿದರೆ ಸಾಕು, ಉರಿದು ಬೀಳುತ್ತಿದ್ದ.

ಈಗಲೂ ಅವರಿಬ್ಬರ ಜಗಳ ಬೆನ್ನ ಹಿಂದೆ ನಡೆದೇ ಇತ್ತು.

“ಅಲ್ಲ ಅಚ್ಚಾಯಾ, ಮಹಜರಿಗೆ ರೇಷ್ಮೆ ಜುಬ್ಬಾ ಯಾಕೆ? ಮದುವೆಗೆ ಹೊರಟ ಹಾಗಿದೆ,” ಎಂದ ಭಾಸುರನ್. ಅಚ್ಚಾಯ ಎಂದರೆ ಇಲ್ಲಿ ಕ್ರೈಸ್ತ ಯಜಮಾನರನ್ನು ಕರೆಯುವ ಮಾತು.

“ನಿನ್ನ ಮೆರವಣಿಗೆಗೆ ಬಂದಿದ್ರೆ ಹರಕಂಗಿ ಹಾಕ್ಕೊಂಡು ಬರ್ತಿದ್ದೆ ಭಾಸುರಾ.”

ಉತ್ತಮನಿಗೆ ಕುತೂಹಲ ತಡೆಯಲಿಲ್ಲ. “ಒಂದು ಕೇಳ್ತೀನಿ, ಬೈಬೇಡಿ. ಸ್ವಂತ ಜಾಗಕ್ಕೆ ಸ್ವಂತ ದುಡ್ಡಲ್ಲಿ ಮಣ್ಣು ಹಾಕೋಕೆ ಯಾರಪ್ಪಣೆ ಯಾಕೆ?”

“ಹಾಗೆ ಕೇಳು! ಬಾಯಿಗೆ ಸಕ್ಕರೆ ಹಾಕ್ತೀನಿ ನಿನಗೆ,” ಎಂದ ಈಪ್ಪಚ್ಚನ್.

“ನೀರು ಎಲ್ಲಿಗೆ ಹೋಗ್ಬೇಕು, ಅದನ್ನ ಹೇಳು,” ಎಂದು ಭಾಸುರನ್ ಮೇಲೆ ಬಿದ್ದ. “ಇವನ ಗದ್ದೆ ಎತ್ತರ ಆಯ್ತು. ಅಲ್ಲಿ ನಿಲ್ತಿದ್ದ ನೀರು ಪಕ್ಕದವನ ಗದ್ದೆಗೆ ಬಂತು. ಅವನು ಬಿತ್ತೋ ಹಾಗಿಲ್ಲ. ಅವನೂ ಸೋತು ಮಣ್ಣು ತುಂಬ್ತಾನೆ. ಹೀಗೇ ಒಬ್ಬರ ಹಿಂದೆ ಒಬ್ಬರು ತುಂಬಿದ್ರೆ ಊರೇ ಹೋಯ್ತು. ಅದಕ್ಕೇ ಎರಡು ಸಾವಿರದ ಎಂಟರಲ್ಲಿ ಕಾಯ್ದೆ ಬಂತು. ಗದ್ದೆ, ಜೌಗು, ಯಾವುದನ್ನೂ ಮುಟ್ಟೋ ಹಾಗಿಲ್ಲ. ಬೇರೆ ಎಲ್ಲೂ ಅಂಗೈಯಗಲ ಜಾಗ ಇಲ್ಲದ ಬಡವ ಮನೆ ಕಟ್ಕೋತೀನಿ ಅಂದ್ರೆ, ಸಮಿತಿ ಕೂತು ನೋಡಿ ಒಂದು ಚೂರು ಬಿಡಬಹುದು. ಮಿಕ್ಕಿದ್ದೆಲ್ಲ ಡೇಟಾ ಬ್ಯಾಂಕಿನಲ್ಲಿದೆ.”

“ಬ್ಯಾಂಕಲ್ಲಾ? ಸಾಲ ಕೊಡ್ತಾರಾ ಅದರ ಮೇಲೆ?”

“ಥೂ, ನಿನ್ನ! ಡೇಟಾ ಬ್ಯಾಂಕು ಅಂದ್ರೆ ಕಾಯ್ದೆಯ ರಕ್ಷಣೆ ಇರೋ ಗದ್ದೆಗಳ ಪಟ್ಟಿ ಕಣೋ. ಅದರಲ್ಲಿ ಇರೋತನಕ ಅದು ಗದ್ದೆ.”

“ಪಟ್ಟಿಯಲ್ಲಿ ತಪ್ಪಿಲ್ವಾ?” ಈಪ್ಪಚ್ಚನ್ ಜುಬ್ಬಾದ ತೋಳು ಮಡಿಸಿದ. “ನನ್ನ ಜಾಗ ಕಾಯ್ದೆ ಬರೋದಕ್ಕೂ ಮುಂಚೆ ತುಂಬಿದ್ದು. ಮುಂಚೆ ತುಂಬಿದ್ದು ಗದ್ದೆ ಅಲ್ಲ, ಹಿತ್ತಲು. ಪಟ್ಟಿಯಿಂದ ತೆಗೀಬೇಕು ಅಂತ ಕಾನೂನೇ ಹೇಳುತ್ತೆ. ಫಲ ಬಿಟ್ಟ ತೆಂಗು ನಿಂತಿವೆ ಅಲ್ಲಿ. ತೆಂಗೇನು ಅಣಬೆಯಾ, ಮಳೆ ಬಿದ್ದ ಮಾರನೇ ದಿನ ಏಳೋಕೆ?”

ಕೊನೆಯ ಮಾತು ಆಡುವಾಗ ಅವನ ದನಿ ಯಾಕೋ ಕುಂದಿತು. ತಂಕಮಣಿ ಅದನ್ನು ಮನಸ್ಸಿನಲ್ಲಿ ಗಂಟು ಹಾಕಿಕೊಂಡಳು.

ಒಡ್ಡು ತಿರುಗುವ ಕಡೆ ಪಂಪಿನ ಮನೆ. ಮರದ ಗೋಡೆ, ತಗಡಿನ ಮಾಡು. ಬಿತ್ತನೆಗೆ ಮುಂಚೆ ಗದ್ದೆಯ ನೀರನ್ನು ಹಿನ್ನೀರಿಗೆ ಎತ್ತಿ ಹಾಕುವ ದೊಡ್ಡ ಪೆಟ್ಟಿಗೆ ಪಂಪು ಒಳಗಿತ್ತು. ಈ ವರ್ಷ ಇನ್ನೂ ಶುರುವಾಗಿರಲಿಲ್ಲ. ಬಾಗಿಲಿಗೆ ಬೀಗ.

ಉತ್ತಮನ್ ತಂಕಮಣಿಯ ಹತ್ತಿರಕ್ಕೆ ಸರಿದು ಪಿಸುಗುಟ್ಟಿದ. “ಮೇಡಂ, ಇದರೊಳಗಿಂದ ಸಂಜೆ ಹೊತ್ತು ಹಲಗೆ ಬಡಿಯೋ ಸದ್ದು ಬರುತ್ತಂತೆ. ಮೀನು ಹಿಡಿಯೋರು ಈ ಕಡೆ ಬರೋದೇ ಬಿಟ್ಟಿದಾರೆ.”

“ಇಲಿ ಇರ್ಬೇಕು.”

“ಇಲಿ ಅಷ್ಟು ತಾಳ ಹಿಡಿದು ಬಡಿಯುತ್ತಾ ಮೇಡಂ?”

“ಬಾಯ್ಮುಚ್ಚಿಕೊಂಡು ನಡಿ ನೀನು.”

ಹೇಳಿದಳು ನಿಜ. ಆದರೆ ಆ ಬಾಗಿಲನ್ನು ದಾಟುವಾಗ ಅವಳೇ ಹೆಜ್ಜೆ ಚುರುಕು ಮಾಡಿದಳು.

*

ಈಪ್ಪಚ್ಚನ ಜಾಗ ನೀರಿನ ನಡುವೆ ಕೆಂಪಗೆ ಎದ್ದು ನಿಂತಿತ್ತು. ಗುಡ್ಡ ಕಡಿದು ತಂದ ಒಣ ಕೆಮ್ಮಣ್ಣು. ಕಾಲಿಟ್ಟರೆ ಹುಡಿ ಏಳುತ್ತಿತ್ತು. ಅದರ ಮೇಲೆ ಸಾಲು ಸಾಲು ತೆಂಗು.

ತಂಕಮಣಿ ಅಂಚಿನಲ್ಲೇ ನಿಂತಳು. ಇಲ್ಲಿ ಏನೋ ಸರಿಯಿರಲಿಲ್ಲ. ಏನು ಎಂದು ಕಣ್ಣಿಗೆ ತಿಳಿಯಲು ಇನ್ನೂ ಒಂದು ಗಳಿಗೆ ಬೇಕಾಯಿತು.

ನೀರಂಚಿನ ತೆಂಗು ನೀರಿನ ಕಡೆಗೆ ಬಾಗುತ್ತದೆ. ಬಯಲು ಬೆಳಕು ಅಲ್ಲಿರುತ್ತದೆ, ಆದ್ದರಿಂದ ಬಾಗುತ್ತದೆ. ಈ ನಾಡಿನಲ್ಲಿ ಯಾವ ಒಡ್ಡಿನ ಮೇಲೆ ನಿಂತು ನೋಡಿದರೂ ತೆಂಗಿನ ತಲೆಗಳು ನೀರನ್ನು ಇಣುಕಿ ನೋಡುತ್ತಿರುತ್ತವೆ. ಅದನ್ನು ನೋಡಿಕೊಂಡೇ ಅವಳು ಬೆಳೆದಿದ್ದಳು.

ಈ ತೆಂಗುಗಳು ಒಂದೊಂದೂ ಹಿನ್ನೀರಿಗೆ ಬೆನ್ನು ಹಾಕಿದ್ದವು. ನಾಲ್ಕೂ ಕಡೆಯ ಮರಗಳು ಒಳಮುಖವಾಗಿ ಬಾಗಿ, ನಡುವೆ ಇರುವ ಏನನ್ನೋ ಸುತ್ತುಗಟ್ಟಿ ನೋಡುತ್ತಿರುವ ಹಾಗೆ ನಿಂತಿದ್ದವು. ಸಾವಿನ ಮನೆಯ ಅಂಗಳದಲ್ಲಿ ಜನ ನಿಲ್ಲುವುದು ಹಾಗೆ.

ಗರಿಗಳು ಒಣಗಿ ಜೋತುಬಿದ್ದಿದ್ದವು. ಗಾಳಿ ಇಲ್ಲದೆಯೂ ಒಂದೊಂದು ಗರಿ ಕಿರ್ರೆಂದಿತು.

“ಅಬ್ಬಾ,” ಎಂದ ಉತ್ತಮನ್. “ನನಗೆ ಈ ಜಾಗ ಸೇರೋದಿಲ್ಲಪ್ಪಾ.”

“ನಾನಂತೂ ಕಾಲಿಡಲ್ಲ.” ಭಾಸುರನ್ ಒಡ್ಡಿನ ಮೇಲೆ ಕೊಡೆ ಊರಿ ನಿಂತ. “ಕಾನೂನು ಒಪ್ಪದ ನೆಲದ ಮೇಲೆ ಕಾಲಿಡಲ್ಲ ಅಂತ ಸಮಿತಿಯಲ್ಲೇ ಹೇಳಿದೀನಿ. ನೀವು ನೋಡ್ಕೊಂಡು ಬನ್ನಿ ಮೇಡಂ. ನಾನು ಇಲ್ಲಿಂದಲೇ ಸಾಕ್ಷಿ.”

ಒಳ್ಳೆಯ ಹಟಮಾರಿ ಎಂದು ತಂಕಮಣಿ ಒಳಗೊಳಗೇ ಮೆಚ್ಚಿಕೊಂಡಳು. ಅವಳಿಗೆ ಬೇಕಾದದ್ದು ಈಪ್ಪಚ್ಚನ ಕಾಲು ತಾನೇ.

“ಬನ್ನಿ ಅಚ್ಚಾಯಾ. ಒಂದೊಂದು ಮರಾನೂ ತೋರಿಸಿ.”

ಈಪ್ಪಚ್ಚನ್ ನಡೆದ. ದಪ್ಪ ಅಟ್ಟೆಯ ಚರ್ಮದ ಚಪ್ಪಲಿ. ಮೊದಲ ಸಾಲಿನಲ್ಲಿ ಸರಸರ ನಡೆದ. ಎರಡನೆಯ ಸಾಲಿನಲ್ಲೂ ನಡೆದ. ಒಂದು ಮರದ ಬುಡಕ್ಕೆ ಕ್ಯಾಕರಿಸಿ ಉಗಿದ. ತಂಕಮಣಿ ಮರ ನೋಡುವವಳ ಹಾಗೆ ತಲೆ ಎತ್ತಿ, ಕಣ್ಣು ಕೆಳಗಿಟ್ಟು ಹಿಂಬಾಲಿಸಿದಳು. ಚಪ್ಪಲಿ ಒಮ್ಮೆಯೂ ಕಾಲು ಬಿಡಲಿಲ್ಲ.

ಮೂರನೆಯ ಸಾಲಿನ ಕೊನೆಯಲ್ಲಿ ಅವನು ಗಕ್ಕನೆ ನಿಂತ.

ಅಲ್ಲಿ, ಸಾಲಿನಿಂದ ತುಸು ಹೊರಗೆ, ಒಂದು ಮರ ಬೇರೆಯಾಗಿತ್ತು. ಮಿಕ್ಕವೆಲ್ಲ ಸೊರಗಿದ್ದರೆ ಇದು ಕಡುಹಸಿರು. ಹೊಸ ಗರಿ ಬಿಚ್ಚಿತ್ತು. ಅದೊಂದೇ ಮರ ನೀರಿನ ಕಡೆಗೆ ಬಾಗಿತ್ತು.

“ಇದಕ್ಕೆ ಯಾರೋ ಒಳ್ಳೇ ಗೊಬ್ಬರ ಹಾಕಿದಾರೆ,” ಎಂದವನೇ ಉತ್ತಮನ್ ವಿಲಾಸಿನಿಯನ್ನು ನೋಡಿ ನಾಲಿಗೆ ಕಚ್ಚಿಕೊಂಡ. ಅವಳಿಗೆ ಕೇಳಿಸಿತ್ತು.

“ಬನ್ನಿ ಅಚ್ಚಾಯಾ,” ಎಂದಳು ತಂಕಮಣಿ. “ಇದನ್ನೂ ತೋರಿಸಿ.”

“ಅದು ಬೇಡ.”

“ಯಾಕೆ ಬೇಡ?”

“ಬೇಡ ಅಂದ್ರೆ ಬೇಡ ಮೇಡಂ.”

“ಅಚ್ಚಾಯಾ, ಈ ಮರಗಳನ್ನ ಎಲ್ಲಿಂದ ತಂದ್ರಿ?”

“ತರೋದೇನು? ಇಲ್ಲೇ ಬೆಳೆದದ್ದು.”

“ನಾನೂ ಈ ನೀರಿನ ಪಕ್ಕದಲ್ಲೇ ಹುಟ್ಟಿದವಳು. ಇಲ್ಲಿ ಬೆಳೆದ ತೆಂಗು ಹಿನ್ನೀರಿಗೆ ಬೆನ್ನು ಹಾಕಿ ಬೆಳೆಯೋದನ್ನ ಇದುವರೆಗೂ ಕಂಡಿಲ್ಲ. ಹೊಸ ಕೃಷಿ ಅಧಿಕಾರಿ ಪಟ್ಟಣದವರು, ತಲೆ ಎತ್ತಿ ಕಾಯಿ ನೋಡಿ ಹೋದ್ರು. ಸಹದೇವನ್ ಸಾರ್ ಕಾಯಿ ನೋಡಲಿಲ್ಲ, ಅಲ್ವಾ? ಮರ ಎಲ್ಲಿ ನೋಡ್ತಿದೆ ಅಂತ ನೋಡಿದ್ರು. ಅದಕ್ಕೇ ಅವರನ್ನ ಮುಗಿಸಿದ್ರಾ?”

ಈಪ್ಪಚ್ಚನ ಮುಖದಿಂದ ರಕ್ತ ಇಳಿದು ಹೋಯಿತು. ಜುಬ್ಬಾದ ಚುಂಗಿನಿಂದಲೇ ಹಣೆ ಒರೆಸಿಕೊಂಡ.

“ಯೇಸುವಿನಾಣೆ ಮೇಡಂ, ಆ ಮನುಷ್ಯನ ಒಂದು ಕೂದಲೂ ಮುಟ್ಟಿಲ್ಲ. ಮರ ತಂದದ್ದು ನಿಜ. ಒಪ್ಕೋತೀನಿ. ಬುಡ ಸಮೇತ ಕಿತ್ತು ದೋಣಿಗಳಲ್ಲಿ ತಂದು ನೆಟ್ಟದ್ದು ನಿಜ. ಮಣ್ಣು ತುಂಬಿಸಿದ್ದೂ ಹೋದ ಬೇಸಿಗೇಲಿ. ಸಾಲು ನೇರ ಇರ್ಲಿ ಅಂತ ನೋಡಿದ್ನೇ ಹೊರತು ಯಾವ ಕಡೆ ಬಾಗಿದಾವೆ ಅಂತ ನೋಡ್ಲಿಲ್ಲ. ಹಾಕಿ ಕೇಸು. ಆದರೆ ಆ ಮರ…” ಹಸಿರು ತೆಂಗಿನತ್ತ ಕೈ ತೋರಿಸಲೂ ಅವನು ಹಿಂಜರಿದ. “ಅದು ನಾನು ನೆಟ್ಟಿದ್ದಲ್ಲ.”

“ಮತ್ತೆ ಯಾರು ನೆಟ್ಟಿದ್ದು?”

“ಅದೇ ಗೊತ್ತಿಲ್ಲ! ತಂದದ್ದರಲ್ಲಿ ಒಂದು ಮಿಕ್ಕಿತ್ತು. ಇಲ್ಲೇ ಅಡ್ಡ ಬಿದ್ದಿತ್ತು. ಆ ಸಾರ್ ಕಾಣೆಯಾದರು ಅಂತ ಸುದ್ದಿಯಾಯ್ತಲ್ಲ, ಅವತ್ತು ಬೆಳಿಗ್ಗೆ ಬಂದು ನೋಡಿದ್ರೆ ಎದ್ದು ನಿಂತಿದೆ! ನನ್ನ ಆಳುಗಳು ಆಣೆ ಇಟ್ಟು ಹೇಳಿದ್ರು, ನಾವಲ್ಲ ಅಂತ. ಅವತ್ತಿನಿಂದ ಒಬ್ಬರೂ ಕೆಲಸಕ್ಕೆ ಬರ್ತಿಲ್ಲ. ನೆಟ್ಟವೆಲ್ಲ ಒಣಗ್ತಾ ಇವೆ, ಯಾರೂ ನೆಡದೇ ಇದ್ದದ್ದು ಚಿಗುರ್ತಾ ಇದೆ. ರಾತ್ರಿ ನಿದ್ದೆ ಬರಲ್ಲ ನನಗೆ.”

“ಇದನ್ನ ಪೊಲೀಸರಿಗೆ ಯಾಕೆ ಹೇಳ್ಲಿಲ್ಲ?”

“ಒಂದು ಮರ ನೆಟ್ಟಿಲ್ಲ ಅಂದ್ರೆ ಮಿಕ್ಕಿದ್ದೆಲ್ಲ ನೆಟ್ಟಿದೀನಿ ಅಂತಲೇ ಆಯ್ತಲ್ಲ ಮೇಡಂ! ಜಾಗ ಹೋಗ್ತಿತ್ತು.”

ಅಯ್ಯೋ ಮನುಷ್ಯನೇ! ಒಬ್ಬ ಹೆಂಗಸು ತಾಳಿಯನ್ನು ಹಿಡಿದುಕೊಂಡು ದಿನವೂ ಸಾಯುತ್ತಿರುವಾಗ ಇವನು ತನ್ನ ಹಿತ್ತಲ ಚಿಂತೆಯಲ್ಲಿದ್ದ. ತಂಕಮಣಿಗೆ ಅವನ ಕೆನ್ನೆಗೆ ಒಂದು ಬಿಡಬೇಕೆನಿಸಿತು. ಕೈ ಬಿಗಿಹಿಡಿದಳು.

“ಸರಿ. ಹತ್ತಿರ ಬನ್ನಿ. ಬರದೇ ಇದ್ರೆ ಹೂತವರು ನೀವೇ ಅಂತ ತಿಳ್ಕೋತೀನಿ.”

ಅವನು ಶಿಲುಬೆಯ ಗುರುತು ಮಾಡಿಕೊಂಡ. ಹೆಜ್ಜೆಯ ಮೇಲೆ ಹೆಜ್ಜೆ ಎಳೆದುಕೊಂಡು ಬಂದ. ಹಸಿರು ತೆಂಗಿನ ಬುಡದಲ್ಲಿ ಬಂದು ನಿಂತ. “ಬಂದೆ. ಸಾಕಾ?”

ಚಪ್ಪಲಿ ಕಾಲಲ್ಲೇ ಇತ್ತು. ಅಟ್ಟೆ ಕೆಮ್ಮಣ್ಣಿನಲ್ಲಿ ಒತ್ತಿ ಕೂತಿತ್ತು.

ಅವನಿಗಿದ್ದದ್ದು ಮರದ ಭಯ. ಮರದ ಕೆಳಗಿನದು ಏನೆಂದು ಅವನಿಗೆ ಗೊತ್ತಿರಲಿಲ್ಲ.

ತಂಕಮಣಿಯ ಇಷ್ಟು ದಿನದ ಸಂಶಯ, ಇಷ್ಟು ಹೊತ್ತಿನ ಲೆಕ್ಕಾಚಾರ, ಎಲ್ಲ ನೀರಿಗೆ ಬಿದ್ದಂತಾಯಿತು. ಹಿಂದೆ ನಿಂತಿದ್ದ ವಿಲಾಸಿನಿಯ ಮುಖ ನೋಡಲು ಅವಳಿಗೆ ಧೈರ್ಯ ಬರಲಿಲ್ಲ. ಹೊತ್ತು ಆಗಲೇ ನೀರಿನ ಮೇಲೆ ಕೆಂಪಾಗುತ್ತಿತ್ತು.

“ಇಷ್ಟು ದೊಡ್ಡ ಮರ ಒಬ್ಬಿಬ್ಬರ ಕೈಲಿ ಎತ್ತಿ ನಿಲ್ಲಿಸೋಕಾಗಲ್ಲ,” ಎಂದಳು, ಏನಾದರೂ ಕೇಳಬೇಕಲ್ಲ ಎಂದು.

“ಮಣ್ಣು ಅಗೆಯೋ ಮಷೀನು ಇಲ್ಲೇ ನಿಂತಿತ್ತಲ್ಲ. ಡ್ರೈವರ್ ಓಣಂಗೆ ಅಂತ ಊರಿಗೆ ಹೋದವನು ಇನ್ನೂ ಬಂದಿರ್ಲಿಲ್ಲ.”

“ಅದರ ಕೀಲಿ?”

“ಇಲ್ಲಿ ಎಲ್ಲಿಡೋದು? ಸಂಘದವರನ್ನ ಕೇಳ್ಕೊಂಡು ಪಂಪಿನ ಮನೆಯಲ್ಲಿ ನೇತು ಹಾಕಿದ್ದ.”

“ಸುಳ್ಳು!”

ಒಡ್ಡಿನ ಮೇಲಿಂದ ಭಾಸುರನ್ ಕಿರುಚಿದ. ಕೊಡೆ ಬಿಸಾಡಿ, ಮಡಿಸಿ ಕಟ್ಟಿದ ಪಂಚೆಯನ್ನು ಇನ್ನಷ್ಟು ಬಿಗಿದುಕೊಂಡು, ಕೆಮ್ಮಣ್ಣಿಗೆ ಇಳಿದು ಬಂದ. ಕಾನೂನು ಒಪ್ಪದ ನೆಲವೆಂಬುದೆಲ್ಲ ಮರೆತುಹೋಯಿತು.

“ಸುಳ್ಳು ಮೇಡಂ, ಹಸೀ ಸುಳ್ಳು! ಪಂಪಿನ ಮನೆ ಕೀಲಿ ನನ್ನ ಹತ್ರ ಇರುತ್ತೆ, ಅದಕ್ಕೇ ನನ್ನ ತಲೆಗೆ ಕಟ್ಟೋಕೆ ನೋಡ್ತಿದಾನೆ. ಮರ ಕದ್ದು ತಂದವನು, ಕಾನೂನಿಗೆ ಮಣ್ಣೆರಚಿದವನು, ನಾಳೆ ಆರ್‌ಡಿಓ ಮುಂದೆ ಇವ್ನು ಏನೇನ್ ಹೇಳ್ತಾನೋ! ಸಹದೇವನ್ ಸಾರ್ ನನಗೆ ತಮ್ಮನ ಹಾಗಿದ್ದ…”

ಮಾತು ನಿಲ್ಲಲಿಲ್ಲ. ಕೈ ಬೀಸುತ್ತ, ಎಂಜಲು ಹಾರಿಸುತ್ತ, ಒಣ ತೆಂಗುಗಳ ನಡುವೆ ನುಗ್ಗಿ ಬಂದ. ಹಸಿರು ಮರ ಇನ್ನು ನಾಲ್ಕು ಮಾರು ಇದೆ ಎನ್ನುವಾಗ ಅವನ ಬಲಗಾಲು ಚಪ್ಪಲಿಯನ್ನು ಬಿಟ್ಟಿತು. ಎಡಗಾಲೂ ಬಿಟ್ಟಿತು. ಸೊಂಟ ಬಾಗಿತು, ಕೈ ಎರಡನ್ನೂ ಎತ್ತಿಕೊಂಡಿತು. ಬಯ್ಗುಳದ ಒಂದು ಶಬ್ದವೂ ತಪ್ಪಲಿಲ್ಲ. ಮರದ ಬುಡವನ್ನು ಬರಿಗಾಲಲ್ಲಿ ದಾಟಿದ. ದಾಟುವಾಗ ಗಂಟಲ ಮಣಿ ಒಂದು ಸಲ ಎದ್ದಿಳಿಯಿತು, ಕೂಗು ಮಾತ್ರ ಹೊರಡಲಿಲ್ಲ. ಆಚೆ ಹೋಗಿ ಚಪ್ಪಲಿ ಕೆಳಗೆ ಹಾಕಿದ, ಕಾಲು ತೂರಿಸಿದ, ಈಪ್ಪಚ್ಚನ ಜುಬ್ಬಾ ಹಿಡಿದ.

“…ಅಂಥಾ ತಮ್ಮನ್ನ ತಿಂದು ಹಾಕಿ ನನ್ನ ಹೆಸರು ಹೇಳ್ತೀಯೇನೋ?”

ತಾನು ಮಾಡಿದ್ದು ಅವನಿಗೇ ಗೊತ್ತಿರಲಿಲ್ಲ.

ತಂಕಮಣಿ ಮಾತಾಡುವ ಮೊದಲೇ ಇನ್ನೊಂದು ದನಿ ಮೆಲ್ಲಗೆ ಕೇಳಿತು.

“ಭಾಸುರನ್ ಚೇಟ್ಟಾ,” ಎಂದಳು ವಿಲಾಸಿನಿ. ಅಣ್ಣಾ ಎಂದು ಎಂದಿನಂತೆ ಕರೆದ ದನಿಯೇ. “ಚಪ್ಪಲಿ ಯಾಕೆ ಬಿಟ್ರಿ?”

“ಯಾವ ಚಪ್ಪಲಿ? ಹಾಕ್ಕೊಂಡೇ ಇದೀನಲ್ಲ.”

“ಈಗ ಹಾಕ್ಕೊಂಡ್ರಿ. ಅಲ್ಲಿಂದ ಇಲ್ಲೀತನಕ ಕೈಯಲ್ಲಿತ್ತು.”

ಎಲ್ಲರೂ ನೆಲ ನೋಡಿದರು. ಕೆಮ್ಮಣ್ಣಿನ ಹುಡಿಯಲ್ಲಿ ಅಟ್ಟೆಯ ಗುರುತು ಬಂದು, ಅಳಿದು, ಅಲ್ಲಿಂದ ಐದು ಬೆರಳಿನ ಬರಿಗಾಲ ಗುರುತು. ಮರದ ಆಚೆ ಮತ್ತೆ ಅಟ್ಟೆ.

ಭಾಸುರನ್ ಅದನ್ನು ನೋಡುತ್ತಲೇ ನಿಂತ. ಈಪ್ಪಚ್ಚನ ಜುಬ್ಬಾ ಹಿಡಿದಿದ್ದ ಅವನ ಕೈ ಸಡಿಲಾಯಿತು.

“ಮುಳ್ಳು… ಮುಳ್ಳು ಚುಚ್ಚಿದ ಹಾಗಾಯ್ತು.”

“ಮುಳ್ಳಿದ್ರೆ ಚಪ್ಪಲಿ ಹಾಕ್ಕೋತಾರೆ ಭಾಸುರಾ,” ಎಂದ ಈಪ್ಪಚ್ಚನ್. ಅವನ ಹಲ್ಲು ಕಟಕಟ ಎನ್ನುತ್ತಿತ್ತು. “ಬಿಚ್ಚಲ್ಲ.” ಹೇಳುತ್ತಲೇ ತನ್ನ ಕಾಲ ಕೆಳಗಿನ ಮಣ್ಣನ್ನು ನೋಡಿದ. ಕೆಂಡ ತುಳಿದವನಂತೆ ಚಪ್ಪಲಿಗಳನ್ನು ಅಲ್ಲೇ ಬಿಟ್ಟು ಹಿಂದಕ್ಕೆ ಹಾರಿದ.

ಉತ್ತಮನ್ ಹೇಳಿಸಿಕೊಳ್ಳದೆಯೇ ಹೋಗಿ ಭಾಸುರನ ಪಕ್ಕದಲ್ಲಿ ನಿಂತಿದ್ದ. ಬೆರಳಿಟ್ಟು ತೋರಿಸುವ ಜಾಗ ತಂಕಮಣಿಗೆ ಸಿಕ್ಕಿತ್ತು. ಅವಳು ಫೋನು ತೆಗೆದಳು. ಆದರೆ ಒತ್ತಲು ಬೆರಳು ಏಳಲಿಲ್ಲ, ಯಾಕೆಂದರೆ ವಿಲಾಸಿನಿ ತನ್ನ ಚಪ್ಪಲಿಗಳನ್ನು ಬಿಡುತ್ತಿದ್ದಳು.

ಒಂದರ ಪಕ್ಕ ಒಂದು ನೀಟಾಗಿ ಬಿಟ್ಟಳು. ತೆಂಗಿನ ಬುಡಕ್ಕೆ ನಡೆದಳು. ಮಂಡಿಯೂರಿ, ಅಂಗೈಯನ್ನು ಮಣ್ಣಿನ ಮೇಲಿಟ್ಟಳು. ಅತ್ತಾಳು ಎಂದು ತಂಕಮಣಿ ಕಾದಳು. ಅಳಲಿಲ್ಲ.

“ಇವರಿಗೆ ಸರಿಯಾಗಿ ಕೂಗೋಕೇ ಬರ್ತಿರಲಿಲ್ಲ ಚೇಚಿ,” ಎಂದಳು. “ಬೆಟ್ಟದ ಊರಿನವರಲ್ವಾ. ಪೂ ಅಂತ ಎಳೀತಿದ್ರು, ನಡುವೆ ದನಿ ಒಡೆದು ಬಿಕ್ಕಳಿಕೆ ಬರ್ತಿತ್ತು, ಆಮೇಲೆ ಹೋಯ್. ನಾನು ಎಷ್ಟು ನಗ್ತಿದ್ದೆ.”

ತಲೆ ಎತ್ತಿದಳು. ಎರಡೂ ಕೈಗಳನ್ನು ಬಾಯಿಗೆ ಹಿಡಿದು, ಇದ್ದ ಶಕ್ತಿಯನ್ನೆಲ್ಲ ಹಾಕಿ ಕೂಗಿದಳು.

“ಪೂ… ಹೋಯ್!”

ಕೂಗು ನೀರಿನ ಮೇಲೆ ಹರಿದು ಹೋಗಿ ಎಲ್ಲೋ ಕರಗಿತು. ಕಾಯಬಾರದು ಎಂದು ಎಲ್ಲರಿಗೂ ಗೊತ್ತಿತ್ತು. ಎಲ್ಲರೂ ಕಾದರು.

ಆಮೇಲೆ ಬಂತು.

“ಪೂ…” ನಡುವೆ ದನಿ ಒಡೆಯಿತು. ಒಂದು ಬಿಕ್ಕಳಿಕೆ. “…ಹೋಯ್.”

ಉತ್ತಮನ್ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡ. ವಿಲಾಸಿನಿಯ ಕೈ ತಾನಾಗಿ ತಾಳಿಯನ್ನು ಹಿಡಿಯಿತು. ಅವಳ ಮುಖದ ಮೇಲೆ ಮೂಡಿದ್ದು ಭಯವೋ ಸಂತೋಷವೋ ಹೇಳುವುದು ಕಷ್ಟವಾಗಿತ್ತು.

“ಅವರೇ,” ಎಂದಳು. “ಚೇಚಿ, ಅವರೇ!”

“ಇಲ್ಲ!” ಭಾಸುರನ್ ಕುಸಿದು ಕೂತಿದ್ದ. ಕಣ್ಣು ಹಸಿರು ತೆಂಗಿನ ಬುಡವನ್ನು ಬಿಟ್ಟು ಕದಲಲಿಲ್ಲ. “ಅವನು ಹೇಗೆ ಕೂಗ್ತಾನೆ? ಅವನು ಇಲ್ಲಿದಾನೆ! ಮುಖದ ಮೇಲೆ ಮಣ್ಣು ಹಾಕಿದ್ದು ನಾನೇ… ನಾನೇ ನೋಡಿದೀನಿ ಆ ಮುಖಾನ…”

“ಯಾರ ಮುಖ?” ತಂಕಮಣಿ ಅವನ ಕೊರಳಪಟ್ಟಿ ಹಿಡಿದೆತ್ತಿದಳು. “ಕತ್ತಲಲ್ಲಿ ಹೂತೆಯಾ? ಸರಿಯಾಗಿ ಹೇಳು! ಯಾರ ಮುಖ ನೋಡಿದೆ?”

ಅವನು ಬಾಯಿ ಬಿಡುವಷ್ಟರಲ್ಲಿ ಇನ್ನೊಂದು ಸದ್ದು ಕೇಳಿತು. ಹಲಗೆಯ ಮೇಲೆ ಹಲಗೆ ಬಡಿದ ಸದ್ದು. ತಾಳ ಹಿಡಿದ ಹಾಗೆ, ಒಂದೇ ಸಮನೆ.

ಎಲ್ಲರೂ ಒಡ್ಡು ತಿರುಗುವ ಕಡೆಗೆ ನೋಡಿದರು. ಬೀಗದ ಕೈ ಭಾಸುರನ ಸೊಂಟದ ದಾರದಲ್ಲಿ ತೂಗುತ್ತಲೇ ಇತ್ತು. ಪಂಪಿನ ಮನೆಯ ಬಾಗಿಲು ಮಾತ್ರ ಹಾರುಹೊಡೆದಿತ್ತು.

ವಿಲಾಸಿನಿ ಚಪ್ಪಲಿಯನ್ನು ಅಲ್ಲೇ ಬಿಟ್ಟು ಆಗಲೇ ಅತ್ತ ಓಡುತ್ತಿದ್ದಳು.